ಪರದೆ ಮ್ಯಾಲಿನ ಮಳಿ ಎಲ್ಲಿ ಹೋತು?

ಇಯರ್‌ಫೋನ್ ಹಾಕ್ಕೊಂಡೀರಲ್ಲ? ಇವತ್ತಿನ ಮಾತು ಹಳೇ ಸಿನಿಮಾ ಹಾಡಿನದು.

ಹೋದ ತಿಂಗಳು ಕುಷ್ಟಗಿಯಲ್ಲಿ ಅಜ್ಜಿಗೆ ಮೊಬೈಲ್‌ನಲ್ಲಿ ಬಣ್ಣದ 'ಸತ್ಯ ಹರಿಶ್ಚಂದ್ರ' ತೋರಿಸಿದೆ. ವೀರಬಾಹುವಿನ ಹಾಡು ಬಂತು. ಎಂ.ಪಿ. ಶಂಕರ್ ಕುಣಿತ, ಘಂಟಸಾಲ ದನಿ. ಅಜ್ಜಿ ಕಣ್ಣು ಕಿರಿದು ಮಾಡಿ, "ತಮ್ಮಾ, ನಾ ನೋಡಿದಾಗ ಪರದೆ ತುಂಬ ಮಳಿ ಸುರೀತಿತ್ತು. ಈ ಮಳಿ ಎಲ್ಲಿ ಹೋತು?" ಅಂದ್ರು.

ಮಳಿ ಅಂದ್ರೆ ಫಿಲ್ಮಿನ ಗೀರು. ಹುಣಸೂರು ಕೃಷ್ಣಮೂರ್ತಿ ನಿರ್ದೇಶಿಸಿದ ಈ ಚಿತ್ರ 1965ರದು, ಕಪ್ಪು-ಬಿಳುಪು. ಆಗೆಲ್ಲ ಹೊಸ ಪ್ರಿಂಟ್ ಮೊದಲು ಹೋಗುತ್ತಿದ್ದದ್ದು ದೊಡ್ಡ ಊರಿಗೆ. ಕುಷ್ಟಗಿ, ಯಲಬುರ್ಗಾದಂಥ ಊರುಗಳ ಟೆಂಟ್ ಮುಟ್ಟೋ ಹೊತ್ತಿಗೆ ಅದು ಎಷ್ಟೋ ಪ್ರೊಜೆಕ್ಟರ್‌ಗಳಲ್ಲಿ ಸವೆದಿರುತ್ತಿತ್ತು. ಧ್ವನಿ ಇದ್ದದ್ದೂ ಅದೇ ಫಿಲ್ಮಿನ ಅಂಚಿನ ಸಣ್ಣ ಪಟ್ಟಿಯಲ್ಲಿ. ಅಲ್ಲಿ ಗೀರು ಬಿದ್ರೆ ಹಾಡಿನ ನಡುವೆ ಚರಚರ.

ಅಂದ್ರೆ ಒಳ್ಳೆ ನೆಗೆಟಿವ್‌ನಿಂದ 4ಕೆ ಮಾಡಿದಾಗ ನಾವು ನೋಡೋದು ಅಜ್ಜಿ ಕಂಡ ಸಿನಿಮಾ ಅಲ್ಲ. ಅವರಿಗೆ ಯಾವತ್ತೂ ಸಿಗದೇ ಹೋದ ಸಿನಿಮಾ. ಕೆಲಸವೇನು ಸಣ್ಣದಲ್ಲ. ಸೆಕೆಂಡಿಗೆ 24 ಚಿತ್ರ. ಎರಡೂವರೆ ಗಂಟೆಗೆ 2 ಲಕ್ಷ ದಾಟುತ್ತೆ.

ಆದರೆ ತೊಳೆಯೋದೇ ಬೇರೆ, ಬಣ್ಣ ಬಳಿಯೋದೇ ಬೇರೆ. 'ಸತ್ಯ ಹರಿಶ್ಚಂದ್ರ'ಕ್ಕೆ ಬಣ್ಣ ಬಂದದ್ದು 2008ರಲ್ಲಿ. ಗಂಗಾವತಿ ಕಡೆಯ ಕ್ಯಾಂಪ್‌ಗಳ ತೆಲುಗು ಮನೆಗಳಿಗೆ ಗೊತ್ತಿರೋ 1957ರ 'ಮಾಯಾಬಜಾರ್' 2010ರಲ್ಲಿ ಬಣ್ಣವಾಯ್ತು. 1972ರ 'ನಾಗರಹಾವು' 2018ರಲ್ಲಿ 7.1 ಧ್ವನಿಯಲ್ಲಿ ಬಂತು. ಖುಷಿನೇ. ಆದರೆ ಆ ಬಣ್ಣ, ಆ ಸುತ್ತಲಿನ ಸದ್ದು ಇವತ್ತಿನವರು ಸೇರಿಸಿದ್ದು.

ಇನ್ನೊಂದು ದಾರಿ ಗಿರೀಶ್ ಕಾಸರವಳ್ಳಿಯವರ 'ಘಟಶ್ರಾದ್ಧ'ದ್ದು. ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮತ್ತು ಮಾರ್ಟಿನ್ ಸ್ಕಾರ್ಸೆಸಿ ಅವರ ವರ್ಲ್ಡ್ ಸಿನಿಮಾ ಪ್ರಾಜೆಕ್ಟ್ ಕೂಡಿ ಮಾಡಿದ ಕೆಲಸ. 2024ರಲ್ಲಿ ವೆನಿಸ್‌ನಲ್ಲಿ ತೋರಿಸಿದರು. ಚಿತ್ರ ಕಪ್ಪು-ಬಿಳುಪಾಗಿಯೇ ಉಳೀತು. ಸಂಗೀತ ಬಿ.ವಿ. ಕಾರಂತರದು, ಅದರಲ್ಲಿ ಮೌನಕ್ಕೂ ಪಾಲಿದೆ. ಸದ್ದು ತೆಗೆಯೋ ಭರದಲ್ಲಿ ಅತಿಯಾಗಿ ಉಜ್ಜಿದ್ರೆ ಗಾಯಕರ ಉಸಿರು, ವಾದ್ಯದ ಅಂಚು ಎಲ್ಲ ಹೋಗುತ್ತೆ. ಎಲ್ಲಿ ನಿಲ್ಲಿಸಬೇಕು ಅನ್ನೋದೇ ಇಲ್ಲಿ ಕಸುಬು.

ನೆಗೆಟಿವ್ ಇಲ್ಲವೇ ಪ್ರಿಂಟ್ ಉಳಿದ್ರೆ ಮಾತ್ರ ಈ ಚರ್ಚೆ. ಎರಡೂ ಕೊಳೆತು ಹೋದ್ರೆ ಯಾವ 4ಕೆನೂ ಇಲ್ಲ. ಟೆಂಟಿನ ಕಥೆಗಂತೂ ನೆಗೆಟಿವ್ವೇ ಇಲ್ಲ. ಅದಿರೋದು ಹಿರಿಯರ ತಲೆಯಲ್ಲಿ.

ಅದಕ್ಕೇ ಇವತ್ತು ರಾತ್ರಿ ಮನೆಯ ಹಿರಿಯರಿಗೆ ಒಂದು ಹಳೇ ಹಾಡು ಹಚ್ಚಿ ಕೇಳಿಸ್ರಿ. ಎಲ್ಲಿ ನೋಡಿದ್ರಿ, ಯಾರ ಜೊತೆ ಹೋಗಿದ್ರಿ ಅಂತ ಕೇಳ್ರಿ. ಮೊಬೈಲ್‌ನಲ್ಲಿ ರೆಕಾರ್ಡ್ ಮಾಡಿ ಇಟ್ಕೊಳ್ರಿ. ಮುಂದಿನ ವಾರ ಸಿಗೋಣ.