ಚಿನ್ನದ ರೇಕೂ ಚಿತ್ರಕಾರನ ಕೈಯೂ
(ಕಲಾವಿದ ಕೆ. ವೆಂಕಟಪ್ಪನವರ ಜೀವನ ಮತ್ತು ಕೃತಿ)

ಬೆಂಗಳೂರಿನಿಂದ ಮೂಡಲಿಗೆ ಹೊರಟ ರೈಲುಗಾಡಿಯು ಬಂಗಾರಪೇಟೆಯನ್ನು ಸೇರಿದೊಡನೆ, ಅಲ್ಲಿಂದ ಉರಿಗಾಂ, ಚಾಂಪಿಯನ್ ರೀಫ್, ಮಾರಿಕುಪ್ಪಂಗಳ ಕಡೆಗೆ ಒಂದು ಕವಲುದಾರಿಯು ಒಡೆಯುವುದು. ಮೈಸೂರಿನ ಕಮಿಷನರಾಗಿದ್ದ ಲೆವಿನ್ ಬೌರಿಂಗ್ ಎಂಬವರ ಹೆಸರಿನಿಂದ ಬೌರಿಂಗ್‌ಪೇಟೆ ಎನಿಸಿಕೊಂಡಿದ್ದ ಊರು ಕಾಲಕ್ರಮದಲ್ಲಿ ಬಂಗಾರಪೇಟೆಯೆಂದೇ ಪ್ರಸಿದ್ಧವಾಯಿತು. ಚಿನ್ನದ ಗಣಿಗಳ ಹೆಬ್ಬಾಗಿಲಿಗೆ ಈ ಹೆಸರು ಒಪ್ಪುವುದೆಂಬುದರಲ್ಲಿ ಸಂದೇಹವಿಲ್ಲ.

1880ರಲ್ಲಿ ಜಾನ್ ಟೇಲರ್ ಕಂಪನಿಯವರು ಇಲ್ಲಿ ಗಣಿಯ ಕೆಲಸವನ್ನು ಕೈಕೊಂಡಂದಿನಿಂದ, 2001ನೆಯ ಇಸವಿಯ ಫೆಬ್ರವರಿ 28ರಂದು ಗಣಿಗಳು ಮುಚ್ಚುವವರೆಗೆ, ಈ ನೆಲದಿಂದ ಹೊರಬಂದ ಚಿನ್ನವು ಸುಮಾರು 800 ಟನ್ನುಗಳೆಂದು ಲೆಕ್ಕ. ಅದಕ್ಕಾಗಿ ಮನುಷ್ಯನು ಮೂರು ಕಿಲೋಮೀಟರುಗಳಿಗೂ ಮಿಕ್ಕ ಆಳಕ್ಕೆ ಇಳಿಯಬೇಕಾಯಿತು. ಕೊನೆಗಾಲದಲ್ಲಿ ಒಂದು ಟನ್ ಕಲ್ಲನ್ನು ಕುಟ್ಟಿ ಪುಡಿಮಾಡಿದರೆ ದೊರೆಯುತ್ತಿದ್ದುದು ಕೆಲವೇ ಗ್ರಾಂ ಚಿನ್ನ. ಉಳಿದುದೆಲ್ಲವೂ ಊರಿನ ಸುತ್ತ ಬೂದುಬಣ್ಣದ ದಿಬ್ಬಗಳಾಗಿ ನಿಂತಿದೆ. ಬಂಗಾರದ ಬೆಲೆಯನ್ನು ಎಲ್ಲರೂ ಬಲ್ಲರು. ಅದನ್ನು ತೆಗೆದ ಕೈಯ ಬೆಲೆಯನ್ನು ಬಲ್ಲವರು ವಿರಳ. ಇದೇ ಮಾತು ಚಿತ್ರಕಾರನ ವಿಷಯದಲ್ಲಿಯೂ ಸಲ್ಲುವುದೆಂಬುದಕ್ಕೆ ಮೈಸೂರು ಸಂಸ್ಥಾನದ ಒಬ್ಬ ಮಹಾಕಲಾವಿದರ ಜೀವನವೇ ನಿದರ್ಶನವಾಗಿದೆ.

ಮೈಸೂರಿನ ಸಾಂಪ್ರದಾಯಿಕ ಚಿತ್ರಕಲೆಯಲ್ಲಿ ಚಿನ್ನಕ್ಕೆ ಹಿರಿದಾದ ಸ್ಥಾನವುಂಟು. 1565ರಲ್ಲಿ ವಿಜಯನಗರವು ಹಾಳಾದ ಮೇಲೆ ಅಲ್ಲಿಯ ಚಿತ್ರಕಾರರ ಮನೆತನಗಳು ಆಶ್ರಯವನ್ನರಸಿ ಚದರಿದವು. ಅವುಗಳಲ್ಲಿ ಕೆಲವಕ್ಕೆ ಶ್ರೀರಂಗಪಟ್ಟಣದಲ್ಲಿ ರಾಜ ಒಡೆಯರ ಆಶ್ರಯವು ದೊರೆಯಿತು. ಮುಂದೆ ಮುಮ್ಮಡಿ ಕೃಷ್ಣರಾಜ ಒಡೆಯರವರ ಕಾಲದಲ್ಲಿ ಈ ಕಲೆಯು ಪುಷ್ಟಿಯನ್ನು ಪಡೆಯಿತು. ಹುಣಸೆಯ ಕಡ್ಡಿಯನ್ನು ಸುಟ್ಟ ಇದ್ದಿಲಿನಿಂದ ರೇಖೆಯನ್ನೆಳೆದು, ಅಳಿಲಿನ ಕೂದಲಿನ ಕುಂಚದಿಂದ ಬಣ್ಣವನ್ನು ತುಂಬಿ, ಒಡವೆ, ಕಿರೀಟ, ಸೀರೆಯ ಸೆರಗು ಮೊದಲಾದ ಎಡೆಗಳಲ್ಲಿ ಮಕ್ಕಿ ಸಫೇದ, ರೇವಣಚಿನ್ನಿ ಮತ್ತು ಅಂಟನ್ನು ಕಲಸಿದ ಲೇಪದಿಂದ ಸ್ವಲ್ಪವೇ ಉಬ್ಬುವಂತೆ ಕೆಲಸ ಮಾಡಿ, ಅದರ ಮೇಲೆ ಚಿನ್ನದ ರೇಕನ್ನು ಹಚ್ಚುವುದು ಅವರ ಕ್ರಮ. ತಂಜಾವೂರಿನ ಚಿತ್ರಗಳಂತೆ ಇಲ್ಲಿ ಉಬ್ಬು ಹೆಚ್ಚಲ್ಲ, ಹರಳುಗಳ ಆಡಂಬರವೂ ಇಲ್ಲ. ಆದರೆ ಇಷ್ಟು ಶ್ರಮದಿಂದ ಸಿದ್ಧವಾದ ಪಟಗಳಲ್ಲಿ ಬಹುಪಾಲಿನ ಮೇಲೆ ಬರೆದವರ ಹೆಸರೇ ಕಾಣದು. ದೇವರ ರೂಪವೂ ದೊರೆಯ ಕೀರ್ತಿಯೂ ಉಳಿದುವು, ಕೈ ಮರೆಯಾಯಿತು.

ಇಂತಹ ಅರಮನೆಯ ಚಿತ್ರಕಾರರ ಮನೆತನದಲ್ಲಿಯೇ 1886ರಲ್ಲಿ ವೆಂಕಟಪ್ಪನವರು ಜನಿಸಿದರು. ಅವರ ಎಳವೆಯಲ್ಲಿ ಮೈಸೂರಿನ ಕಲಾಭಿರುಚಿಯು ಮಾರ್ಪಡುತ್ತಲಿತ್ತು. ತಿರುವಾಂಕೂರಿನ ರಾಜಾ ರವಿವರ್ಮರು ಪಾಶ್ಚಾತ್ಯರ ತೈಲವರ್ಣದಲ್ಲಿ ನಮ್ಮ ಪುರಾಣಪುರುಷರನ್ನು ಚಿತ್ರಿಸಿ ದೇಶದಲ್ಲೆಲ್ಲ ಹೆಸರುವಾಸಿಯಾಗಿದ್ದರು. ತಮ್ಮ ಕೊನೆಯ ವರ್ಷಗಳಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರವರ ಆಹ್ವಾನದಂತೆ ಮೈಸೂರಿಗಾಗಿಯೂ ಪುರಾಣದ ದೃಶ್ಯಗಳನ್ನು ಬರೆದುಕೊಟ್ಟರು. ಅವರ ಅಚ್ಚಿನ ಪಟಗಳು ಮನೆಮನೆಯ ದೇವರ ಗೂಡನ್ನು ಸೇರಿದವು. ಹೀಗೆ ಒಂದು ಕಡೆ ಚಿನ್ನದ ರೇಕಿನ ಹಳೆಯ ಪಟ, ಮತ್ತೊಂದು ಕಡೆ ತೈಲವರ್ಣದ ಹೊಸ ಪಟ. ಇವೆರಡರ ನಡುವೆ ತರುಣ ವೆಂಕಟಪ್ಪನವರು ತಮ್ಮ ದಾರಿಯನ್ನು ಕಂಡುಕೊಳ್ಳಬೇಕಾಗಿತ್ತು.

ಮಹಾರಾಜರವರು ಇವರ ಯೋಗ್ಯತೆಯನ್ನು ಗುರುತಿಸಿ ವಿದ್ಯಾರ್ಥಿವೇತನವನ್ನು ದಯಪಾಲಿಸಿದರು. ಮದರಾಸಿನ ಕಲಾಶಾಲೆಯಲ್ಲಿ ಕೆಲಕಾಲವಿದ್ದು, 1909ರಲ್ಲಿ ಇವರು ಕಲ್ಕತ್ತೆಯ ಸರ್ಕಾರಿ ಕಲಾಶಾಲೆಯನ್ನು ಸೇರಿದರು. ಅಲ್ಲಿ ಅವನೀಂದ್ರನಾಥ ಠಾಕೂರರೇ ಗುರುಗಳು. ನಂದಲಾಲ ಬಸು ಮೊದಲಾದವರು ಒಡನಾಡಿಗಳು. ಪರದೇಶದ ಅನುಕರಣವನ್ನು ಬಿಟ್ಟು, ಅಜಂತೆಯ ಗೋಡೆಗಳಿಂದಲೂ ಮೊಗಲರ ಕಾಲದ ಸೂಕ್ಷ್ಮಚಿತ್ರಗಳಿಂದಲೂ ಭಾರತೀಯ ಕಲೆಗೆ ಹೊಸ ಉಸಿರನ್ನು ತರಬೇಕೆಂಬುದು ಆ ಗುರುಶಿಷ್ಯರ ಹಂಬಲವಾಗಿತ್ತು. ಸೋದರಿ ನಿವೇದಿತಾ ಮತ್ತು ಆನಂದ ಕುಮಾರಸ್ವಾಮಿಯವರು ಹಿಂದೂ ಮತ್ತು ಬೌದ್ಧ ಪುರಾಣಕಥೆಗಳನ್ನು ಕುರಿತು ಇಂಗ್ಲಿಷಿನಲ್ಲಿ ರಚಿಸಿದ, 1913ರಲ್ಲಿ ಪ್ರಕಟವಾದ ಗ್ರಂಥದಲ್ಲಿ ರಾಮಾಯಣದ ಭಾಗಕ್ಕೆ ವೆಂಕಟಪ್ಪನವರ ಚಿತ್ರಗಳಿವೆ. ಮೈಸೂರಿನ ಚಿತ್ರಕಾರರ ಕೇರಿಯಿಂದ ಹೋದ ತರುಣನ ರೇಖೆಗಳು ಹೀಗೆ ಕಡಲಾಚೆಯ ವಾಚಕರನ್ನು ಮುಟ್ಟಿದುವು.

ಏಳೆಂಟು ವರ್ಷಗಳ ವ್ಯಾಸಂಗವನ್ನು ಮುಗಿಸಿ ಇವರು ಸ್ವದೇಶಕ್ಕೆ ಹಿಂದಿರುಗಿದರು. ಮದುವೆಯಾಗಲಿಲ್ಲ, ಶಿಷ್ಯವರ್ಗವನ್ನು ಕಟ್ಟಲಿಲ್ಲ. ವೈಣಿಕಶಿಖಾಮಣಿ ಶೇಷಣ್ಣನವರಲ್ಲಿ ವೀಣೆಯನ್ನು ಕಲಿಯತೊಡಗಿ, ಕುಂಚವನ್ನೇ ಮರೆಯುವಷ್ಟು ನಾದದಲ್ಲಿ ಮುಳುಗಿದರು. ತಮಗೆ ಹಿಡಿದ ಈ ವೀಣೆಯ ಹುಚ್ಚನ್ನೇ ವಸ್ತುವಾಗಿ ಮಾಡಿಕೊಂಡು ಒಂದು ಚಿತ್ರವನ್ನೂ ಬರೆದರು. ತನ್ನನ್ನು ತಾನೇ ಹೀಗೆ ನಿರ್ದಾಕ್ಷಿಣ್ಯವಾಗಿ ನೋಡಿಕೊಳ್ಳಬಲ್ಲ ಕಲಾವಿದರು ಎಷ್ಟು ಮಂದಿ?

1926ರ ಸುಮಾರಿಗೆ ಇವರು ಊಟಿಯ ಬೆಟ್ಟಗಳಲ್ಲಿ ಕುಳಿತು ಬರೆದ ಜಲವರ್ಣದ ನಿಸರ್ಗಚಿತ್ರಗಳು ಇವರ ಕೀರ್ತಿಗೆ ಕಳಶಪ್ರಾಯವಾಗಿವೆ. ಒಡೆಯುವ ಮುಂಗಾರಿನ ಮೋಡ, ಸರೋವರದ ಮೇಲಿನ ಬೆಳಕು, ಕಣಿವೆಯಲ್ಲಿ ತೆವಳುವ ಮಂಜು, ಇವೇ ಅಲ್ಲಿಯ ವಸ್ತುಗಳು. ಪೂರ್ವಿಕರು ಚಿನ್ನದ ರೇಕಿನಿಂದ ತಂದ ಹೊಳಪನ್ನು ಇವರು ತೆಳುವಾದ ಬಣ್ಣದ ನೀರಿನಿಂದಲೇ ತಂದರು. ಆದರೂ ಮನೆತನದ ಶಿಸ್ತು ಬಿಟ್ಟುಹೋಗಲಿಲ್ಲ. ಒಂದೊಂದು ಹುಲ್ಲುಗರಿಗೂ ಕಿರೀಟದ ಹರಳಿಗೆ ಸಲ್ಲುವಷ್ಟೇ ತಾಳ್ಮೆಯು ಅಲ್ಲಿ ಸಂದಿದೆ.

ಮುಂದೆ ಮಹಾರಾಜರವರ ಅಪ್ಪಣೆಯಂತೆ ಮೈಸೂರು ಅರಮನೆಯ ಅಂಬಾವಿಲಾಸಕ್ಕಾಗಿ ಪ್ಲಾಸ್ಟರಿನ ಉಬ್ಬುಶಿಲ್ಪಗಳ ಕಾರ್ಯವನ್ನು ಇವರು ಕೈಕೊಂಡರು. ತಮ್ಮ ಮನಸ್ಸು ಒಪ್ಪುವವರೆಗೆ ಕೆಲಸವನ್ನು ಕೈಬಿಡುವ ಸ್ವಭಾವ ಇವರದಲ್ಲ; ಅರಮನೆಯ ಲೆಕ್ಕದ ಪುಸ್ತಕಕ್ಕಾದರೋ ಕಾಲವೂ ಹಣವೂ ಮುಖ್ಯ. 1940ರಲ್ಲಿ ನಾಲ್ವಡಿಯವರು ಸ್ವರ್ಗಸ್ಥರಾದರು. ಆಶ್ರಯದಾತನ ಮಾತೇ ಕರಾರಾಗಿದ್ದ ಕಾಲವೂ ಅವರೊಡನೆ ಮುಗಿಯಿತು. ತಮ್ಮ ದುಡಿಮೆಗೆ ಸಲ್ಲಬೇಕಾದ ಪ್ರತಿಫಲಕ್ಕಾಗಿ ವೆಂಕಟಪ್ಪನವರು ನ್ಯಾಯಾಲಯದ ಮೆಟ್ಟಿಲನ್ನೇರಿದರು, ಜಯವು ದೊರೆಯಲಿಲ್ಲ. ತಲೆಮಾರುಗಳಿಂದ ಅರಮನೆಯ ಅನ್ನವುಂಡ ಮನೆತನದವರು ಹೀಗೆ ಮಾಡಬಹುದೇ ಎಂದು ಕೇಳುವುದು ಸುಲಭ. ಅವರು ಬೇಡಿದುದು ದಾನವನ್ನಲ್ಲ. ಕೈಯ ಕೆಲಸಕ್ಕೆ ಒಂದು ನ್ಯಾಯವಾದ ಅಳತೆಯನ್ನು.

ಈ ಪ್ರಶ್ನೆಯು ಗಣಿಯ ಸೀಮೆಗೆ ಹೊಸದಲ್ಲ. 1930ರಲ್ಲಿ ಕೋಲಾರದ ಗಣಿಗಳ ಕೂಲಿಕಾರರು ಬೆರಳಚ್ಚನ್ನು ಕೊಟ್ಟು ಹೆಸರನ್ನು ದಾಖಲುಮಾಡಿಸಬೇಕೆಂಬ ಕಟ್ಟಳೆಯನ್ನು ಪ್ರತಿಭಟಿಸಿ ಕೆಲಸವನ್ನು ನಿಲ್ಲಿಸಿದ್ದರು. ಚಿನ್ನವನ್ನು ಅಗೆದು ಕೊಡುವ ಕೈಯನ್ನು ಕಳ್ಳನ ಕೈಯಂತೆ ಕಾಣಬಾರದೆಂಬುದು ಅವರ ಅಭಿಮಾನವಾಗಿತ್ತು. ಪಾತಾಳದಲ್ಲಿ ಕಲ್ಲನ್ನೊಡೆಯುವವನಿಗೂ ಅರಮನೆಯಲ್ಲಿ ಶಿಲ್ಪವನ್ನು ರೂಪಿಸುವವನಿಗೂ ಬಾಳಿನಲ್ಲಿ ಅಂತರವು ಬಹಳ. ಆದರೆ ಅವರಿಬ್ಬರ ಮೊರೆಯಲ್ಲಿ ಅಷ್ಟು ಅಂತರವಿಲ್ಲ.

ಅನಂತರ ವೆಂಕಟಪ್ಪನವರು ಬೆಂಗಳೂರಿನಲ್ಲಿ ಬಹುಮಟ್ಟಿಗೆ ಏಕಾಂತವಾಸಿಗಳಾಗಿಯೇ ಉಳಿದು, 1965ರಲ್ಲಿ ಕಾಲವಾದರು. ತಮ್ಮ ಕೃತಿಗಳು ಒಂದೊಂದಾಗಿ ಚದರಿಹೋಗದೆ ಒಂದೆಡೆ ಉಳಿಯಬೇಕೆಂಬ ಹಟ ಅವರಿಗಿತ್ತು. 1970ರ ದಶಕದಲ್ಲಿ ಬೆಂಗಳೂರಿನ ಕಸ್ತೂರಬಾ ರಸ್ತೆಯಲ್ಲಿ, ಸರ್ಕಾರಿ ವಸ್ತುಸಂಗ್ರಹಾಲಯದ ಬಳಿ, ಅವರ ಹೆಸರಿನ ಚಿತ್ರಶಾಲೆಯು ಎದ್ದುನಿಂತಿತು. ಅವರ ಚಿತ್ರಗಳಿಗೂ ಶಿಲ್ಪಗಳಿಗೂ ಅದು ನೆಲೆಯಾಯಿತು. ಪೂರ್ವಿಕರ ಪಟಗಳ ಮೇಲೆ ಹೆಸರೇ ಇರಲಿಲ್ಲ. ಈ ವಂಶಜನ ಹೆಸರು ಮಾಳಿಗೆಯ ಮೇಲೆಯೇ ಬರೆಯಲ್ಪಟ್ಟಿತು. ನ್ಯಾಯಾಲಯದಲ್ಲಿ ದೊರೆಯದುದು ಕಾಲದ ಕೈಯಿಂದ ಕೊಂಚವಾದರೂ ದೊರೆಯಿತೆನ್ನಬಹುದು.

ಗಣಿಗಳು ಈಗ ಮೌನವಾಗಿವೆ. ಅಲ್ಲಿಂದ ಹೊರಟ ಚಿನ್ನವು ಯಾರ ಬೊಕ್ಕಸದಲ್ಲಿ, ಯಾರ ಕೊರಳಲ್ಲಿ ಕರಗಿಹೋಯಿತೆಂಬುದನ್ನು ಬಲ್ಲವರಿಲ್ಲ. ಊಟಿಯ ಮೋಡದ ಮೇಲೆ ವೆಂಕಟಪ್ಪನವರು ಹಚ್ಚಿದ ತೆಳುಬೆಳಕಾದರೋ ಕಾಗದದ ಮೇಲೆ ಇನ್ನೂ ಕರಗದೆ ಉಳಿದಿದೆ. ಮನೆಯ ಗೋಡೆಯ ಮೇಲೆ ತೂಗುವ ಪಟವನ್ನು ಮಕ್ಕಳಿಗೆ ತೋರಿಸುವಾಗ, ಇದು ಯಾವ ದೇವರು, ಯಾವ ದೊರೆ ಎಂದು ಹೇಳುವುದರ ಜೊತೆಗೆ ಇದನ್ನು ಬರೆದವರು ಯಾರೆಂಬುದನ್ನೂ ಹೇಳಿದರೆ, ಅಂತಹ ಕಲಾವಿದರ ಋಣವು ಸ್ವಲ್ಪಮಟ್ಟಿಗಾದರೂ ತೀರುವುದು.