ತಾತ್ಕಾಲಿಕ ಸರ್ಕಾರಿ ಸೇವೆಯ ಮುಕ್ತಾಯ

ತಾತ್ಕಾಲಿಕ ಸರ್ಕಾರಿ ಸೇವೆಯ ಮುಕ್ತಾಯ ಎಂದರೆ ನಿಯೋಜನೆ, ಪ್ರಭಾರ, ದಿನಗೂಲಿ, ಗುತ್ತಿಗೆ ಮೊದಲಾದ ಅಲ್ಪಾವಧಿ ವ್ಯವಸ್ಥೆಯಡಿ ಸರ್ಕಾರಿ ಕೆಲಸದಲ್ಲಿರುವವರನ್ನು ಆ ಕೆಲಸದಿಂದ ಬಿಡುಗಡೆ ಮಾಡುವ ಕ್ರಮ. ಹೀಗೆ ಬಿಡುಗಡೆ ಹೊಂದುವವರಲ್ಲಿ ಎರಡು ವರ್ಗಗಳಿವೆ. ಮೂಲ ಹುದ್ದೆಗೆ ಮರಳುವ ಹಕ್ಕುಳ್ಳವರು ಒಂದು ವರ್ಗ; ಮರಳಲು ಯಾವ ಹುದ್ದೆಯೂ ಇಲ್ಲದವರು ಇನ್ನೊಂದು. ಆಡುಮಾತಿನಲ್ಲಿ ಇಬ್ಬರೂ ‘ಟೆಂಪರರಿ’ಗಳೇ ಆದರೂ ಕಾನೂನಿನ ರಕ್ಷಣೆ ಬಹುಮಟ್ಟಿಗೆ ಈ ಭೇದವನ್ನೇ ಅವಲಂಬಿಸಿದೆ. ಎರಡನೆಯ ವರ್ಗದವರ ಬಗ್ಗೆ ಇಡೀ ದೇಶಕ್ಕೆ ಅನ್ವಯಿಸುವ ಪ್ರಮುಖ ತೀರ್ಪು ಬಂದದ್ದು ಕರ್ನಾಟಕದ ಪ್ರಕರಣವೊಂದರಲ್ಲಿ.

ಮೂಲ ಹುದ್ದೆಗೆ ಮರಳುವಿಕೆ

ಕಾಯಂ ನೌಕರನು ನಿಯೋಜನೆಯ ಮೇಲೆ ಬೇರೆ ಕಚೇರಿಗೆ ಹೋದರೂ ಮೂಲ ಹುದ್ದೆಯ ಮೇಲಿನ ಅವನ ಹಕ್ಕು ಉಳಿದಿರುತ್ತದೆ. ಸೇವಾ ನಿಯಮಗಳು ಇದನ್ನು ‘ಲೀನ್’ ಎನ್ನುತ್ತವೆ. ಕಲಬುರಗಿ ನಗರದ ಕಚೇರಿಯೊಂದರ ಗುಮಾಸ್ತರನ್ನು, 2018ರಲ್ಲಿ ಪ್ರತ್ಯೇಕ ತಾಲ್ಲೂಕಾದ ಕಮಲಾಪುರದ ಕಚೇರಿಗೆ ನಿಯೋಜಿಸಲಾಯಿತು ಎಂದಿಟ್ಟುಕೊಳ್ಳೋಣ. ನಿಯೋಜನೆ ರದ್ದಾದಾಗ ಕಮಲಾಪುರದಲ್ಲೇ ಮುಂದುವರಿಯುವ ಹಕ್ಕು ಅವರಿಗಿಲ್ಲ. ನಿಯೋಜಿತ ನೌಕರರನ್ನು ಮಾತೃ ಇಲಾಖೆಗೆ ಹಿಂದಿರುಗಿಸಬಹುದೆಂದು ಸರ್ವೋಚ್ಚ ನ್ಯಾಯಾಲಯ ಕುನಾಲ್ ನಂದಾ ಪ್ರಕರಣದಲ್ಲಿ (2000) ಹೇಳಿದೆ. ಆದರೆ ಬಿಡುಗಡೆ ಆದೇಶ ಕೈಗೆ ಕೊಟ್ಟು ಸ್ಥಳ ತೋರಿಸದೆ ಕೂರಿಸುವಂತಿಲ್ಲ. ಹುದ್ದೆಯ ಆದೇಶಕ್ಕಾಗಿ ನೌಕರ ಕಡ್ಡಾಯವಾಗಿ ಕಾಯಬೇಕಾದ ಅವಧಿಯನ್ನು ಕರ್ನಾಟಕ ನಾಗರಿಕ ಸೇವಾ ನಿಯಮಗಳು ಕರ್ತವ್ಯದ ಅವಧಿಯೆಂದೇ ಪರಿಗಣಿಸುತ್ತವೆ. ಆ ದಿನಗಳನ್ನು ರಜೆಗೆ ಹಾಕಿಸಿಕೊಳ್ಳಬೇಕಾಗಿಲ್ಲ ಎಂಬುದು ಅನೇಕ ನೌಕರರಿಗೆ ತಿಳಿದಿರುವುದಿಲ್ಲ.

ಮೇಲಿನ ಹುದ್ದೆಯಲ್ಲಿ ತಾತ್ಕಾಲಿಕವಾಗಿ ಕೆಲಸ ಮಾಡಿ ಕೆಳಗಿಳಿದವರ ಸ್ಥಿತಿಯನ್ನು ಪರ್ಷೋತ್ತಮ್ ಲಾಲ್ ಧಿಂಗ್ರಾ ಪ್ರಕರಣ ನಿರ್ಣಯಿಸಿತು. ರೈಲ್ವೆ ನೌಕರರಾದ ಧಿಂಗ್ರಾ ಸೋತರೂ, 1957ರ ನವೆಂಬರ್ 1ರ ಆ ತೀರ್ಪು ಮುಂದಿನವರಿಗೆ ಒಂದು ಅಳತೆಗೋಲನ್ನು ನೀಡಿತು. ಹಿಂದಿರುಗಿಸುವಿಕೆ ತನ್ನಷ್ಟಕ್ಕೆ ಶಿಕ್ಷೆಯಲ್ಲ; ಅದರೊಂದಿಗೆ ಮೂಲ ವೇತನ ಅಥವಾ ಜ್ಯೇಷ್ಠತೆ ನಷ್ಟವಾದರೆ, ಮುಂದಿನ ಬಡ್ತಿಗೆ ತಡೆಯಾದರೆ ಅದು ಶಿಕ್ಷೆ. ಆಗ ಸಂವಿಧಾನದ 311ನೇ ವಿಧಿಯಂತೆ ಆರೋಪ ತಿಳಿಸಿ ವಿಚಾರಣೆ ನಡೆಸಬೇಕಾಗುತ್ತದೆ.

ಉಮಾದೇವಿ ಪ್ರಕರಣ

ದಿನಗೂಲಿ ನೇಮಕಾತಿ ಮಾಡಬಾರದೆಂದು ಕರ್ನಾಟಕ ಸರ್ಕಾರ 1984ರ ಜುಲೈನಲ್ಲಿ ಆದೇಶಿಸಿತ್ತು. ಹಾಗಿದ್ದೂ ವಾಣಿಜ್ಯ ತೆರಿಗೆ ಇಲಾಖೆಯು 1985–86ರಲ್ಲಿ ಕೆಲವು ಜಿಲ್ಲೆಗಳಲ್ಲಿ ದಿನಗೂಲಿಗಳನ್ನು ತೆಗೆದುಕೊಂಡಿತು. ಹತ್ತು ವರ್ಷಕ್ಕೂ ಹೆಚ್ಚು ಕಾಲ ದುಡಿದ ಅವರು ಕಾಯಂಗಾಗಿ ಆಡಳಿತ ನ್ಯಾಯಮಂಡಳಿಗೆ ಹೋದಾಗ ಅರ್ಜಿ ತಿರಸ್ಕೃತವಾಯಿತು. ಹೈಕೋರ್ಟು ಅವರ ಪರವಾಗಿ ತೀರ್ಪಿತ್ತಿತು. ಸರ್ಕಾರ ಮೇಲ್ಮನವಿ ಸಲ್ಲಿಸಿತು. 2006ರ ಏಪ್ರಿಲ್ 10ರಂದು ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು, ನಿಯಮಬದ್ಧ ಆಯ್ಕೆಯಿಲ್ಲದೆ ಬಂದವರನ್ನು ದೀರ್ಘ ಸೇವೆಯ ಕಾರಣಕ್ಕೆ ಮಾತ್ರ ಕಾಯಂಗೊಳಿಸುವುದು 14 ಮತ್ತು 16ನೇ ವಿಧಿಗಳಿಗೆ ವಿರುದ್ಧವೆಂದು ಹೇಳಿತು. ಅರ್ಜಿ ಹಾಕುವ ಅವಕಾಶವೇ ಸಿಗದ ಸಾವಿರಾರು ನಿರುದ್ಯೋಗಿಗಳಿಗೆ ಅದರಿಂದ ಅನ್ಯಾಯವಾಗುತ್ತದೆ ಎಂಬುದು ಪೀಠದ ವಾದ.

ಆದರೆ ಪೀಠ ಅಲ್ಲಿಗೆ ನಿಲ್ಲಲಿಲ್ಲ. ಮಂಜೂರಾದ ಖಾಲಿ ಹುದ್ದೆಯಲ್ಲಿ, ಅರ್ಹತೆ ಇದ್ದು, ನ್ಯಾಯಾಲಯದ ತಡೆಯಾಜ್ಞೆಯ ನೆರವಿಲ್ಲದೆ ಹತ್ತು ವರ್ಷ ದುಡಿದವರ ನೇಮಕಾತಿ ‘ಕ್ರಮಬದ್ಧವಲ್ಲದ್ದು’ ಮಾತ್ರ, ‘ಕಾನೂನುಬಾಹಿರ’ವಲ್ಲ, ಅವರನ್ನು ಒಂದು ಬಾರಿಯ ಕ್ರಮವಾಗಿ ಸಕ್ರಮಗೊಳಿಸುವ ಕೆಲಸ ಆರು ತಿಂಗಳೊಳಗೆ ಆರಂಭವಾಗಬೇಕು ಎಂದಿತು. ವಾಣಿಜ್ಯ ತೆರಿಗೆ ಇಲಾಖೆಯ ಆ ದಿನಗೂಲಿಗಳಿಗೂ, ಹೈಕೋರ್ಟಿನ ತೀರ್ಪಿನ ದಿನದಿಂದ ತಮ್ಮ ವೃಂದದ ಕನಿಷ್ಠ ವೇತನ ಕೊಡಿಸಿ, ಮುಂದಿನ ನೇಮಕಾತಿಯಲ್ಲಿ ವಯೋಮಿತಿ ಸಡಿಲಿಸಿ, ಸೇವೆಗೆ ಒಂದಿಷ್ಟು ಪ್ರಾಶಸ್ತ್ಯ ನೀಡುವಂತೆ ಸೂಚಿಸಿತು. ತೀರ್ಪಿನ ಈ ಭಾಗವು ಮೊದಲ ಭಾಗದಷ್ಟು ಪ್ರಸಿದ್ಧವಾಗಲಿಲ್ಲ. ಇಲಾಖೆಗಳು ‘ಉಮಾದೇವಿ’ ಎಂಬ ಒಂದೇ ಹೆಸರನ್ನು ಉಲ್ಲೇಖಿಸಿ ಅರ್ಜಿಗಳನ್ನು ತಳ್ಳಿಹಾಕುವುದು ರೂಢಿಯಾಯಿತು. 2024ರ ಡಿಸೆಂಬರ್ 20ರ ಜಗ್ಗೋ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವೇ ಈ ದುರುಪಯೋಗವನ್ನು ಟೀಕಿಸಿ, ಕೇಂದ್ರ ಜಲ ಆಯೋಗದಲ್ಲಿ ದಶಕಗಳ ಕಾಲ ಕಸಗುಡಿಸುವ ಮತ್ತು ತೋಟದ ಕೆಲಸ ಮಾಡಿದವರನ್ನು ತೆಗೆದುಹಾಕಿದ್ದನ್ನು ರದ್ದುಪಡಿಸಿತು.

ಕರ್ನಾಟಕದಲ್ಲಿ ಸಕ್ರಮವಾಗದೆ ಉಳಿದ ಅರ್ಹ ದಿನಗೂಲಿಗಳನ್ನು ದಿನಗೂಲಿ ಆಧಾರದಲ್ಲೇ ಮುಂದುವರಿಸಿ ಕೆಲವು ಸೌಲಭ್ಯ ನೀಡಲು ಕರ್ನಾಟಕ ದಿನಗೂಲಿ ನೌಕರರ ಕ್ಷೇಮಾಭಿವೃದ್ಧಿ ಅಧಿನಿಯಮ, 2012 ಜಾರಿಗೆ ಬಂದಿತು.

ಅತಿಥಿ ಶಿಕ್ಷಕರು

ಸರ್ಕಾರಿ ಶಾಲೆಗಳ ಖಾಲಿ ಹುದ್ದೆಗಳಿಗೆ ಅತಿಥಿ ಶಿಕ್ಷಕರನ್ನು ಒಂದು ಶೈಕ್ಷಣಿಕ ವರ್ಷದ ಮಟ್ಟಿಗೆ ಗೌರವಧನದ ಮೇಲೆ ನೇಮಿಸಿಕೊಳ್ಳಲಾಗುತ್ತದೆ. ವರ್ಷ ಮುಗಿದೊಡನೆ ಸೇವೆಯೂ ಮುಗಿಯುತ್ತದೆ. ಬೇಸಿಗೆ ರಜೆಯ ಸಂಬಳವಿಲ್ಲ, ಮತ್ತೆ ಶಾಲೆ ತೆರೆದಾಗ ಹೊಸದಾಗಿ ಅರ್ಜಿ ಹಾಕಬೇಕು. ಪ್ರತಿವರ್ಷ ಸೇವೆ ತುಂಡಾಗುವುದರಿಂದ ಹತ್ತು ವರ್ಷದ ನಿರಂತರ ಸೇವೆಯನ್ನು ತೋರಿಸುವುದು ಇವರಿಗೆ ಕಷ್ಟ. ಇವರ ನೆರವಿಗೆ ಬರಬಹುದಾದದ್ದು ಪಿಯಾರಾ ಸಿಂಗ್ ಪ್ರಕರಣದ (1992) ತತ್ತ್ವ: ತಾತ್ಕಾಲಿಕ ನೌಕರನನ್ನು ತೆಗೆದು ಆ ಜಾಗಕ್ಕೆ ಇನ್ನೊಬ್ಬ ತಾತ್ಕಾಲಿಕನನ್ನು ತರಬಾರದು, ನಿಯಮಬದ್ಧವಾಗಿ ಆಯ್ಕೆಯಾದವನನ್ನು ಮಾತ್ರ ತರಬಹುದು. ಸಕ್ರಮಗೊಳಿಸುವ ಬಗ್ಗೆ ಆ ತೀರ್ಪು ಹೇಳಿದ್ದನ್ನು ಉಮಾದೇವಿ ಪೀಠ ಒಪ್ಪದಿದ್ದರೂ, ಈ ತತ್ತ್ವವನ್ನು ನ್ಯಾಯಾಲಯಗಳು ಅನ್ವಯಿಸುತ್ತ ಬಂದಿವೆ.

ಕಲಬುರಗಿಯಲ್ಲಿ ಪರಿಹಾರದ ದಾರಿ

ರಾಜ್ಯ ಸರ್ಕಾರಿ ನೌಕರರ ಸೇವಾ ವಿವಾದಗಳು ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು. ಸಾಮಾನ್ಯವಾಗಿ ಅಂತಿಮ ಆದೇಶದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಸಲ್ಲಿಸತಕ್ಕದ್ದು. ಮೇಲಧಿಕಾರಿಗೆ ಮನವಿಯ ಮೇಲೆ ಮನವಿ ಬರೆಯುತ್ತ ಕುಳಿತು ಈ ಅವಧಿ ಮೀರಿದವರು ಹಲವರು. ಮಂಡಳಿಯ ತೀರ್ಪನ್ನು ಹೈಕೋರ್ಟಿನ ವಿಭಾಗೀಯ ಪೀಠದಲ್ಲಿ ಪ್ರಶ್ನಿಸಬಹುದೆಂದು ಎಲ್. ಚಂದ್ರಕುಮಾರ್ ಪ್ರಕರಣ (1997) ನಿರ್ಧರಿಸಿದೆ. ಹಿಂದೆ ಇದಕ್ಕೆಲ್ಲ ಸುಮಾರು 600 ಕಿ.ಮೀ. ದೂರದ ಬೆಂಗಳೂರಿಗೆ ಹೋಗಬೇಕಿತ್ತು. ದಿನಗೂಲಿಯವನಿಗೆ ಪ್ರಯಾಣದ ಖರ್ಚೇ ಒಂದು ತಡೆಯಾಗಿತ್ತು. ಕಲಬುರಗಿಯಲ್ಲಿ 2008ರಲ್ಲಿ ಹೈಕೋರ್ಟಿನ ಸಂಚಾರಿ ಪೀಠ ಆರಂಭವಾಗಿ 2013ರಲ್ಲಿ ಕಾಯಂ ಆಯಿತು. ನ್ಯಾಯಮಂಡಳಿಯ ಪೀಠವೂ ಆಮೇಲೆ ಅಲ್ಲಿಗೆ ಬಂದಿದೆ. ಅರ್ಜಿದಾರರು ನೇಮಕಾತಿ ಮತ್ತು ಬಿಡುಗಡೆ ಆದೇಶಗಳು, ಹಾಜರಾತಿ ಹಾಗೂ ವೇತನ ಪಾವತಿಯ ದಾಖಲೆಗಳ ಪ್ರತಿಗಳನ್ನು ಲಗತ್ತಿಸಬೇಕಾಗುತ್ತದೆ. ಕಚೇರಿ ಅವನ್ನು ಕೊಡದಿದ್ದರೆ 2005ರ ಮಾಹಿತಿ ಹಕ್ಕು ಅಧಿನಿಯಮದಡಿ ಕೇಳಿ ಪಡೆಯಬಹುದು.