ಫಾರ್ವರ್ಡ್ ಒತ್ತುವ ಮುನ್ನ: ‘ಹೀಗಿದ್ದರೆ ಹಾಗೆ’ ಎನ್ನುವ ಮಾತನ್ನು ಪರೀಕ್ಷಿಸುವುದು ಹೇಗೆ?

2018ರ ಜುಲೈ 13. ಹೈದರಾಬಾದ್ ಕಡೆಯಿಂದ ಕಾರಿನಲ್ಲಿ ಬಂದಿದ್ದ ಕೆಲವು ಗೆಳೆಯರು ಬೀದರ್ ಜಿಲ್ಲೆಯ ಹಳ್ಳಿಯೊಂದರಲ್ಲಿ ಶಾಲಾ ಮಕ್ಕಳಿಗೆ ಚಾಕೊಲೇಟ್ ಕೊಟ್ಟರು. ‘ಮಕ್ಕಳ ಕಳ್ಳರು ಬಂದಿದ್ದಾರೆ’ ಎಂಬ ವಾಟ್ಸಾಪ್ ಸಂದೇಶಗಳು ಎಲ್ಲೆಡೆ ಹರಿದಾಡುತ್ತಿದ್ದ ಕಾಲವದು. ನೋಡಿದವರಿಗೆ ಅನುಮಾನ ಬಂತು. ಕಾರು ಹೊರಟರೂ ಅದರಲ್ಲಿದ್ದವರ ಸುದ್ದಿ ಮೊಬೈಲ್‌ನಲ್ಲಿ ಅವರಿಗಿಂತ ಮೊದಲೇ ಮುಂದಿನ ಊರು ಮುಟ್ಟಿತು. ಮುರ್ಕಿ ಗ್ರಾಮದ ಬಳಿ ಜನ ಸೇರಿ ಅವರ ಮೇಲೆ ಹಲ್ಲೆ ಮಾಡಿದರು. ಒಬ್ಬ ಯುವ ಸಾಫ್ಟ್‌ವೇರ್ ಇಂಜಿನಿಯರ್ ಪ್ರಾಣ ಕಳೆದುಕೊಂಡರು. ಬಿಡಿಸಲು ಹೋದ ಪೊಲೀಸರಿಗೂ ಪೆಟ್ಟು ಬಿತ್ತು. ಕಾರಿನಲ್ಲಿದ್ದ ಯಾರೂ ಮಕ್ಕಳ ಕಳ್ಳರಾಗಿರಲಿಲ್ಲ.

ಇಂಥ ಘಟನೆಗಳನ್ನು ‘ಸುಳ್ಳು ಸುದ್ದಿಯ ಪರಿಣಾಮ’ ಎಂದು ಹೇಳಿ ಮುಗಿಸಿಬಿಡುತ್ತೇವೆ. ಆದರೆ ಒಂದು ವಿಷಯ ಗಮನಿಸಿ. ಚಾಕೊಲೇಟ್ ಕೊಟ್ಟಿದ್ದು ಸುಳ್ಳಾಗಿರಲಿಲ್ಲ, ಅದು ನಿಜವಾಗಿಯೂ ನಡೆದಿತ್ತು. ತಪ್ಪಿದ್ದು ಆ ನಿಜದಿಂದ ತೀರ್ಮಾನಕ್ಕೆ ಹೋದ ದಾರಿ. ಆ ದಾರಿ ಸರಿಯೋ ತಪ್ಪೋ ಎಂದು ಪರೀಕ್ಷಿಸುವ ವಿದ್ಯೆಗೆ ತರ್ಕಶಾಸ್ತ್ರ ಎನ್ನುತ್ತಾರೆ. ಅದರ ಮೊದಲ ಪಾಠ ‘ಹೇಳಿಕೆಗಳ ತರ್ಕ’, ಅಂದರೆ ಪ್ರೊಪೊಸಿಷನಲ್ ಲಾಜಿಕ್. ಹೆಸರು ದೊಡ್ಡದಾದರೂ ಇದರಲ್ಲಿರುವುದು ನಾವು ದಿನವೂ ಬಳಸುವ ನಾಲ್ಕೈದು ಪದಗಳು ಮಾತ್ರ.

ಪರಿಚಯದ ಊರಿನ ಮಾತಿನಲ್ಲಿ ತಪ್ಪು ಬೇಗ ಕಣ್ಣಿಗೆ ಬೀಳುತ್ತದೆ. ಆದ್ದರಿಂದ ಇಲ್ಲಿನ ಉದಾಹರಣೆಗಳನ್ನು ನಾವು ಧಾರವಾಡ ಜಿಲ್ಲೆಯ ಕಲಘಟಗಿಯಿಂದ ಆಯ್ದುಕೊಂಡಿದ್ದೇವೆ. ಹುಬ್ಬಳ್ಳಿಯಿಂದ ಯಲ್ಲಾಪುರಕ್ಕೆ ಹೋಗುವ ದಾರಿಯಲ್ಲಿ ಸಿಗುವ ಈ ಊರು ಬಣ್ಣದ ಮರದ ತೊಟ್ಟಿಲುಗಳಿಗೆ ಹೆಸರುವಾಸಿ.

ಹೇಳಿಕೆ ಎಂದರೇನು?

ನಿಜ ಅಥವಾ ಸುಳ್ಳು ಎಂದು ಹೇಳಬಹುದಾದ ವಾಕ್ಯವೇ ಹೇಳಿಕೆ. ‘ಕಲಘಟಗಿ ಧಾರವಾಡ ಜಿಲ್ಲೆಯಲ್ಲಿದೆ’ ಎಂಬುದು ನಿಜವಾದ ಹೇಳಿಕೆ. ‘ಕಲಘಟಗಿ ಹಾವೇರಿ ಜಿಲ್ಲೆಯಲ್ಲಿದೆ’ ಎಂಬುದು ಸುಳ್ಳು, ಆದರೂ ಅದು ಹೇಳಿಕೆಯೇ. ಈ ನಿಜ-ಸುಳ್ಳಿಗೆ ಆ ಹೇಳಿಕೆಯ ‘ಸತ್ಯಮೌಲ್ಯ’ ಎನ್ನುತ್ತಾರೆ.

ಎಲ್ಲ ವಾಕ್ಯಗಳೂ ಹೇಳಿಕೆಗಳಲ್ಲ. ‘ಬಸ್ ಯಾವಾಗ ಬರುತ್ತದೆ?’ ಎಂಬುದು ಪ್ರಶ್ನೆ. ‘ಇದನ್ನು ಹತ್ತು ಜನರಿಗೆ ಕಳಿಸಿ’ ಎಂಬುದು ಆಜ್ಞೆ. ಇವು ನಿಜವೂ ಅಲ್ಲ, ಸುಳ್ಳೂ ಅಲ್ಲ. ಅನೇಕ ಫಾರ್ವರ್ಡ್‌ಗಳಲ್ಲಿ ಭಯ, ಆಜ್ಞೆ, ಉದ್ಗಾರಗಳನ್ನು ತೆಗೆದುಹಾಕಿದರೆ ಉಳಿಯುವುದು ಒಂದೆರಡು ಹೇಳಿಕೆ ಮಾತ್ರ. ಪರೀಕ್ಷೆ ಮಾಡಬೇಕಾದದ್ದು ಅವನ್ನೇ.

ಅಲ್ಲ, ಮತ್ತು, ಅಥವಾ

ಸಣ್ಣ ಹೇಳಿಕೆಗಳನ್ನು ಜೋಡಿಸಿ ದೊಡ್ಡ ಹೇಳಿಕೆ ಮಾಡುತ್ತೇವೆ. ಜೋಡಿಸುವ ಪದಗಳಿಗೆ ಖಚಿತವಾದ ನಿಯಮಗಳಿವೆ.

• ಅಲ್ಲ / ಇಲ್ಲ: ನಿಜವನ್ನು ಸುಳ್ಳಾಗಿಸುತ್ತದೆ, ಸುಳ್ಳನ್ನು ನಿಜವಾಗಿಸುತ್ತದೆ.
• ಮತ್ತು: ಎರಡೂ ಭಾಗ ನಿಜವಾಗಿದ್ದರೆ ಮಾತ್ರ ಇಡೀ ಮಾತು ನಿಜ. ‘ಮಿರ್ಚಿಯೂ ಇದೆ, ಗಿರ್ಮಿಟ್ಟೂ ಇದೆ’ ಎಂದು ಅಂಗಡಿಯವರು ಹೇಳಿ, ಗಿರ್ಮಿಟ್ ಮುಗಿದಿದ್ದರೆ ಆ ಮಾತು ಸುಳ್ಳು.
• ಅಥವಾ: ಒಂದು ಭಾಗ ನಿಜವಾದರೂ ಸಾಕು. ತರ್ಕಶಾಸ್ತ್ರದಲ್ಲಿ ಎರಡೂ ನಿಜವಾಗಿದ್ದರೂ ‘ಅಥವಾ’ ನಿಜವೇ. ಆಡುಮಾತಿನಲ್ಲಿ ‘ಚಹಾ ಅಥವಾ ಕಾಫಿ’ ಎಂದರೆ ಎರಡರಲ್ಲಿ ಒಂದು ಎಂದೇ ಅರ್ಥ ಮಾಡಿಕೊಳ್ಳುತ್ತೇವೆ. ಈ ವ್ಯತ್ಯಾಸ ನೆನಪಿರಲಿ.

‘ಮಿರ್ಚಿಯೂ ಇದೆ, ಗಿರ್ಮಿಟ್ಟೂ ಇದೆ’ ಎಂಬುದು ಸುಳ್ಳಾದರೆ ಅಂಗಡಿಯಲ್ಲಿ ಏನೂ ಇಲ್ಲ ಎಂದಲ್ಲ. ಎರಡರಲ್ಲಿ ಕನಿಷ್ಠ ಒಂದು ಇಲ್ಲ ಎಂದಷ್ಟೇ. ಈ ನಿಯಮಕ್ಕೆ ಹೆಸರು ಬಂದಿರುವುದು ಗಣಿತಜ್ಞ ಅಗಸ್ಟಸ್ ಡಿ ಮಾರ್ಗನ್ ಅವರಿಂದ. ಅವರು ಹುಟ್ಟಿದ್ದು ನಮ್ಮ ಪಕ್ಕದ ತಮಿಳುನಾಡಿನ ಮಧುರೈಯಲ್ಲಿ, 1806ರಲ್ಲಿ. ಫಾರ್ವರ್ಡ್‌ನಲ್ಲಿರುವ ಎರಡು ಮಾತುಗಳಲ್ಲಿ ಒಂದು ಸುಳ್ಳೆಂದು ಗೊತ್ತಾದ ಕೂಡಲೇ ಇನ್ನೊಂದೂ ಸುಳ್ಳೆಂದು ಹೇಳಲಾಗದು. ಒಂದು ನಿಜವಾದ ಮಾತ್ರಕ್ಕೆ ಇನ್ನೊಂದನ್ನು ನಂಬಲೂ ಆಗದು. ಒಂದು ನಿಜದ ಪಕ್ಕದಲ್ಲಿ ಒಂದು ಸುಳ್ಳನ್ನು ಕೂರಿಸುವುದು ಫಾರ್ವರ್ಡ್‌ಗಳ ಹಳೆಯ ಚಾಳಿ.

‘-ರೆ’ ಎಂಬ ಚಿಕ್ಕ ಪ್ರತ್ಯಯ

ಎಲ್ಲಕ್ಕಿಂತ ಹೆಚ್ಚು ಎಡವುವುದು ಇಲ್ಲಿ. ಕನ್ನಡದಲ್ಲಿ ಷರತ್ತು ಹೇಳಲು ಒಂದೇ ಅಕ್ಷರ ಸಾಕು: ಬಂದರೆ, ಇದ್ದರೆ, ಆದರೆ.

ಕಲಘಟಗಿಯಿಂದ ಹುಬ್ಬಳ್ಳಿಯ ಕಾಲೇಜಿಗೆ ಹೊರಟ ಮಗಳಿಗೆ ಅಪ್ಪ ಹೇಳುತ್ತಾರೆ ಎಂದುಕೊಳ್ಳಿ: “ಸಂಜೀಕ ಮಳಿ ಬಂದ್ರ ಛತ್ರಿ ತೊಗೊಂಡು ಬಸ್‌ಸ್ಟ್ಯಾಂಡಿಗೆ ಬರ್ತೇನವಾ.” ಅಪ್ಪ ಯಾವಾಗ ಮಾತು ತಪ್ಪಿದಂತೆ? ನಾಲ್ಕು ಸಾಧ್ಯತೆಗಳಿವೆ.

1. ಮಳೆ ಬಂತು, ಅಪ್ಪ ಬಂದರು. ಮಾತು ಉಳಿಯಿತು.
2. ಮಳೆ ಬಂತು, ಅಪ್ಪ ಬರಲಿಲ್ಲ. ಮಾತು ತಪ್ಪಿತು.
3. ಮಳೆ ಬರಲಿಲ್ಲ, ಅಪ್ಪ ಬಂದರು. ಮಾತು ತಪ್ಪಲಿಲ್ಲ. ಮಳೆ ಇಲ್ಲದಿದ್ದರೆ ಬರುವುದಿಲ್ಲ ಎಂದು ಅವರು ಹೇಳಿರಲಿಲ್ಲ.
4. ಮಳೆ ಬರಲಿಲ್ಲ, ಅಪ್ಪನೂ ಬರಲಿಲ್ಲ. ಮಾತು ತಪ್ಪಲಿಲ್ಲ.

ಹೀಗೆ ಎಲ್ಲ ಸಾಧ್ಯತೆಗಳನ್ನು ಬರೆದಿಡುವ ಪಟ್ಟಿಗೆ ‘ಸತ್ಯಕೋಷ್ಟಕ’ ಎನ್ನುತ್ತಾರೆ. ಷರತ್ತಿನ ಮಾತು ಸುಳ್ಳಾಗುವುದು ಒಂದೇ ಸಂದರ್ಭದಲ್ಲಿ: ಮೊದಲ ಭಾಗ ನಿಜವಾಗಿ, ಎರಡನೆಯ ಭಾಗ ಸುಳ್ಳಾದಾಗ.

ಈಗ ಮೂರನೆಯ ಸಾಧ್ಯತೆಯನ್ನು ಮತ್ತೆ ನೋಡಿ. ಅಪ್ಪ ಬಸ್‌ಸ್ಟ್ಯಾಂಡಿನಲ್ಲಿ ನಿಂತಿದ್ದಾರೆ. ಅಷ್ಟರಿಂದಲೇ ‘ಮಳೆ ಬಂದಿದೆ’ ಎಂದು ಹೇಳಬಹುದೇ? ಆಗದು. ಅವರು ಸಂತೆಗೆ ಬಂದಿರಬಹುದು, ಸುಮ್ಮನೆ ಮಗಳನ್ನು ಕರೆದೊಯ್ಯಲು ಬಂದಿರಬಹುದು. “ಮಳಿ ಬಂದ್ರ ಅಷ್ಟ ಬರ್ತೇನಿ” ಎಂದಿದ್ದರೆ ಮಾತು ಬೇರೆಯಾಗುತ್ತಿತ್ತು. ‘ಬಂದರೆ’ ಮತ್ತು ‘ಬಂದರೆ ಮಾತ್ರ’ ಒಂದೇ ಅಲ್ಲ.

ಮಾತನ್ನು ತಿರುಗಿಸಿದಾಗ ಏನಾಗುತ್ತದೆ?

‘ನೀವು ಕಲಘಟಗಿಯಲ್ಲಿದ್ದರೆ ಧಾರವಾಡ ಜಿಲ್ಲೆಯಲ್ಲಿದ್ದೀರಿ’ ಎಂಬ ನಿಜವಾದ ಮಾತನ್ನು ತೆಗೆದುಕೊಳ್ಳೋಣ.

• ತಿರುಗಿಸಿದರೆ: ‘ಧಾರವಾಡ ಜಿಲ್ಲೆಯಲ್ಲಿದ್ದರೆ ಕಲಘಟಗಿಯಲ್ಲಿದ್ದೀರಿ.’ ಇದು ತಪ್ಪು. ನೀವು ನವಲಗುಂದದಲ್ಲೋ ಕುಂದಗೋಳದಲ್ಲೋ ಅಣ್ಣಿಗೇರಿಯಲ್ಲೋ ಇರಬಹುದು.
• ಎರಡಕ್ಕೂ ‘ಇಲ್ಲ’ ಸೇರಿಸಿದರೆ: ‘ಕಲಘಟಗಿಯಲ್ಲಿ ಇಲ್ಲದಿದ್ದರೆ ಧಾರವಾಡ ಜಿಲ್ಲೆಯಲ್ಲಿ ಇಲ್ಲ.’ ಇದೂ ತಪ್ಪು.
• ತಿರುಗಿಸಿ, ಎರಡಕ್ಕೂ ‘ಇಲ್ಲ’ ಸೇರಿಸಿದರೆ: ‘ಧಾರವಾಡ ಜಿಲ್ಲೆಯಲ್ಲಿ ಇಲ್ಲದಿದ್ದರೆ ಕಲಘಟಗಿಯಲ್ಲಿ ಇಲ್ಲ.’ ಇದು ಸರಿ. ಮೂಲ ಮಾತು ನಿಜವಾದರೆ ಇದು ಯಾವಾಗಲೂ ನಿಜ.

ಊರಿನ ಹೆಸರಿದ್ದಾಗ ಇದು ಮಕ್ಕಳಿಗೂ ಗೊತ್ತಾಗುತ್ತದೆ. ಭಯ ಇದ್ದಾಗ ದೊಡ್ಡವರಿಗೂ ಗೊತ್ತಾಗುವುದಿಲ್ಲ. ಬೀದರ್‌ನಲ್ಲಿ ಹುಟ್ಟಿದ ಅನುಮಾನವನ್ನು ಬಿಡಿಸಿ ಬರೆದರೆ ಹೀಗಿರುತ್ತದೆ:

ಮಕ್ಕಳ ಕಳ್ಳರಾದರೆ ಮಕ್ಕಳಿಗೆ ಚಾಕೊಲೇಟ್ ಕೊಡುತ್ತಾರೆ.
ಇವರು ಚಾಕೊಲೇಟ್ ಕೊಟ್ಟರು.
ಆದ್ದರಿಂದ ಇವರು ಮಕ್ಕಳ ಕಳ್ಳರು.

ಮೊದಲ ಸಾಲನ್ನು ನಿಜವೆಂದೇ ಒಪ್ಪಿಕೊಂಡರೂ ಮೂರನೆಯ ಸಾಲು ಬರುವುದಿಲ್ಲ. ಇದು ‘ಜಿಲ್ಲೆಯಲ್ಲಿದ್ದಾರೆ, ಆದ್ದರಿಂದ ಕಲಘಟಗಿಯಲ್ಲೇ ಇದ್ದಾರೆ’ ಎಂದ ಹಾಗೆ. ಮಾವಂದಿರು, ಮೇಷ್ಟ್ರು, ಹುಟ್ಟುಹಬ್ಬ ಆಚರಿಸುವವರು, ದಾರಿಹೋಕರು ಎಲ್ಲರೂ ಮಕ್ಕಳಿಗೆ ಚಾಕೊಲೇಟ್ ಕೊಡುತ್ತಾರೆ.

ನಿಮ್ಮನ್ನೇ ಪರೀಕ್ಷಿಸಿಕೊಳ್ಳಿ

ಮೇಜಿನ ಮೇಲೆ ನಾಲ್ಕು ಚೀಟಿಗಳಿವೆ. ಪ್ರತಿ ಚೀಟಿಯ ಒಂದು ಬದಿ ಊರಿನ ಹೆಸರು, ಇನ್ನೊಂದು ಬದಿ ತೊಟ್ಟಿಲು ಯಾವುದರಿಂದ ಮಾಡಿದ್ದು ಎಂದು ಬರೆದಿದೆ. ನಿಮಗೆ ಕಾಣುವ ಬದಿಗಳು: ಕಲಘಟಗಿ, ಹುಬ್ಬಳ್ಳಿ, ಮರ, ಕಬ್ಬಿಣ. ನಿಯಮ ಇದು: ‘ಒಂದು ಬದಿ ಕಲಘಟಗಿ ಎಂದಿದ್ದರೆ ಇನ್ನೊಂದು ಬದಿ ಮರ ಎಂದಿರಬೇಕು.’ ನಿಯಮ ಪಾಲನೆಯಾಗಿದೆಯೇ ಎಂದು ತಿಳಿಯಲು ಯಾವ ಚೀಟಿಗಳನ್ನು ತಿರುಗಿಸಿ ನೋಡಲೇಬೇಕು?

‘ಕಲಘಟಗಿ ಮತ್ತು ಮರ’ ಎಂದು ಹೇಳಿದಿರಾ? ಹೆಚ್ಚಿನವರು ಹಾಗೆಯೇ ಹೇಳುತ್ತಾರೆ. ಸರಿಯುತ್ತರ: ಕಲಘಟಗಿ ಮತ್ತು ಕಬ್ಬಿಣ. ‘ಮರ’ದ ಹಿಂದೆ ಯಾವ ಊರಿದ್ದರೂ ನಿಯಮ ಮುರಿಯುವುದಿಲ್ಲ. ‘ಕಬ್ಬಿಣ’ದ ಹಿಂದೆ ಕಲಘಟಗಿ ಇದ್ದರೆ ಮುರಿಯುತ್ತದೆ. ಬ್ರಿಟನ್‌ನ ಮನೋವಿಜ್ಞಾನಿ ಪೀಟರ್ ವೇಸನ್ 1966ರಲ್ಲಿ ಇದೇ ಬಗೆಯ ಒಗಟನ್ನು ಮುಂದಿಟ್ಟರು. ಓದಿದವರೂ ಇದರಲ್ಲಿ ಎಡವುತ್ತಾರೆ. ನಂಬಿದ್ದನ್ನು ಬೆಂಬಲಿಸುವ ಚೀಟಿಯನ್ನು ಹುಡುಕುತ್ತೇವೆ, ಅದನ್ನು ಸುಳ್ಳು ಮಾಡಬಲ್ಲ ಚೀಟಿಯನ್ನು ಮುಟ್ಟುವುದೇ ಇಲ್ಲ.

ಹಾವು ಕಡಿತ ಮತ್ತು ಅದೇ ತಪ್ಪು

ಹೊಲ-ಗದ್ದೆಯಲ್ಲಿ ದುಡಿಯುವವರಿಗೆ ಇದು ಜೀವದ ಪ್ರಶ್ನೆ. ‘ಈ ಬೇರು ವಿಷ ಇಳಿಸಿದರೆ ಕಡಿಸಿಕೊಂಡವರು ಬದುಕುತ್ತಾರೆ. ಬೇರು ಕೊಟ್ಟೆವು, ಅವರು ಬದುಕಿದರು. ಆದ್ದರಿಂದ ಬೇರು ವಿಷ ಇಳಿಸುತ್ತದೆ’ ಎಂಬ ಮಾತು ಕೇಳಿರುತ್ತೀರಿ. ಇದೂ ತಿರುಗಿಸಿದ ಮಾತೇ. ಭಾರತದಲ್ಲಿರುವ ಹೆಚ್ಚಿನ ಜಾತಿಯ ಹಾವುಗಳಿಗೆ ವಿಷವಿಲ್ಲ. ವಿಷದ ಹಾವು ಕಡಿದಾಗಲೂ ಕೆಲವೊಮ್ಮೆ ವಿಷ ಒಳಹೋಗಿರುವುದಿಲ್ಲ. ಬೇರು ಕೊಡದಿದ್ದರೂ ಅವರು ಬದುಕುತ್ತಿದ್ದರು.

ಇಲ್ಲಿ ‘ಕಬ್ಬಿಣದ ಚೀಟಿ’ ಯಾವುದು? ಬೇರು ಕೊಟ್ಟರೂ ಸತ್ತವರ ಕಥೆ. ಅದು ಫಾರ್ವರ್ಡ್ ಆಗುವುದಿಲ್ಲ. ಹಾವಿನ ವಿಷಕ್ಕೆ ಸಾಬೀತಾದ ಮದ್ದು ಆಸ್ಪತ್ರೆಯಲ್ಲಿ ಕೊಡುವ ಆ್ಯಂಟಿವೆನಮ್ ಚುಚ್ಚುಮದ್ದು. ಕಡಿಸಿಕೊಂಡ ಕೈಕಾಲು ಅಲುಗದಂತೆ ಇಟ್ಟು, ಬಿಗಿಯಾಗಿ ಹಗ್ಗ ಕಟ್ಟದೆ, ಗಾಯ ಕೊಯ್ಯದೆ, ತಡಮಾಡದೆ ಆಸ್ಪತ್ರೆಗೆ ಕರೆದೊಯ್ಯಿರಿ. ಹಾವು ಕಡಿತದ ಪ್ರಕರಣಗಳನ್ನು ಆಸ್ಪತ್ರೆಗಳು ಕಡ್ಡಾಯವಾಗಿ ವರದಿ ಮಾಡಬೇಕೆಂದು ಕರ್ನಾಟಕ ಸರ್ಕಾರ 2024ರಲ್ಲಿ ಸೂಚಿಸಿದೆ.

ದಾರಿ ಸರಿಯಿದ್ದರೆ ಸಾಕೇ?

ಸಾಲದು. ‘ವಾಟ್ಸಾಪ್‌ನಲ್ಲಿ ಬಂದರೆ ಅದು ನಿಜ. ಇದು ವಾಟ್ಸಾಪ್‌ನಲ್ಲಿ ಬಂದಿದೆ. ಆದ್ದರಿಂದ ಇದು ನಿಜ.’ ಈ ವಾದದ ದಾರಿ ನೇರವಾಗಿದೆ, ಆದರೆ ಹೊರಟ ಜಾಗವೇ ತಪ್ಪು. ಮೊದಲ ಸಾಲು ಸುಳ್ಳು. ತೀರ್ಮಾನ ನಂಬಲು ಎರಡೂ ಬೇಕು: ಹೇಳಿಕೆಗಳು ನಿಜವಾಗಿರಬೇಕು, ಜೋಡಣೆಯೂ ಸರಿಯಾಗಿರಬೇಕು. ಹಾಗೆಯೇ ‘ವಾಟ್ಸಾಪ್‌ನಲ್ಲಿ ಬಂದಿದೆ, ಆದ್ದರಿಂದ ಸುಳ್ಳು’ ಎನ್ನುವುದೂ ತರ್ಕವಲ್ಲ. ವಾದ ಕೆಟ್ಟಿದ್ದರೆ ತೀರ್ಮಾನ ಸಾಬೀತಾಗಿಲ್ಲ ಎಂದರ್ಥ, ಸುಳ್ಳೆಂದು ಸಾಬೀತಾಗಿದೆ ಎಂದಲ್ಲ.

ಇಂಗ್ಲೆಂಡಿನ ಗಣಿತಜ್ಞ ಜಾರ್ಜ್ ಬೂಲ್ 1854ರ ತಮ್ಮ ಪುಸ್ತಕದಲ್ಲಿ ಈ ನಿಯಮಗಳನ್ನು ಬೀಜಗಣಿತದಂತೆ ಬರೆದು ತೋರಿಸಿದರು. ಅಮೆರಿಕದ ಕ್ಲಾಡ್ ಶಾನನ್ ಎಂಬ ಯುವಕ 1937ರಲ್ಲಿ ಅದೇ ಬೀಜಗಣಿತ ವಿದ್ಯುತ್ ಸ್ವಿಚ್‌ಗಳಿಗೂ ಹೊಂದುತ್ತದೆ ಎಂದು ತೋರಿಸಿದರು. ನಿಮ್ಮ ಕೈಯಲ್ಲಿರುವ ಫೋನ್ ಕೆಲಸ ಮಾಡುವುದು ಇದೇ ‘ಅಲ್ಲ, ಮತ್ತು, ಅಥವಾ’ಗಳ ಮೇಲೆ. ಆದರೆ ಬಂದ ಸಂದೇಶ ತರ್ಕಬದ್ಧವೇ ಎಂದು ಫೋನ್ ನೋಡುವುದಿಲ್ಲ. 2018ರ ಜುಲೈನಲ್ಲಿ ವಾಟ್ಸಾಪ್ ಭಾರತದಲ್ಲಿ ಒಮ್ಮೆಗೆ ಐದು ಚಾಟ್‌ಗಳಿಗೆ ಮಾತ್ರ ಫಾರ್ವರ್ಡ್ ಮಾಡುವ ಮಿತಿಯನ್ನು ಪ್ರಕಟಿಸಿತು. ಸಂದೇಶದ ಮೇಲೆ ಕಾಣುವ ಜೋಡಿ ಬಾಣದ ಅರ್ಥ ಅದು ಹಲವು ಕೈ ದಾಟಿ ಬಂದಿದೆ ಎಂದಷ್ಟೇ, ನಿಜ ಎಂದಲ್ಲ.

ಮುಂದಿನ ಫಾರ್ವರ್ಡ್ ಬಂದಾಗ ಈ ನಾಲ್ಕು ಪ್ರಶ್ನೆ ಕೇಳಿ:

1. ಭಯ ಮತ್ತು ಆಜ್ಞೆಯನ್ನು ತೆಗೆದರೆ ಉಳಿಯುವ ಹೇಳಿಕೆ ಯಾವುದು?
2. ಆ ಹೇಳಿಕೆ ನಿಜವೆಂದು ನನಗೆ ಹೇಗೆ ಗೊತ್ತು?
3. ಇಲ್ಲಿ ‘-ರೆ’ ಎಂಬ ಮಾತನ್ನು ತಿರುಗಿಸಿಲ್ಲ ತಾನೇ?
4. ಇದನ್ನು ಸುಳ್ಳು ಮಾಡಬಲ್ಲ ಚೀಟಿ ಯಾವುದು? ಅದನ್ನು ಯಾರಾದರೂ ತಿರುಗಿಸಿ ನೋಡಿದ್ದಾರೆಯೇ?

ಉತ್ತರ ಸಿಗದಿದ್ದರೆ ಕಳಿಸಬೇಡಿ. ಮಕ್ಕಳ ಬಗ್ಗೆ ನಿಜವಾಗಿಯೂ ಆತಂಕ ಇದ್ದರೆ 112ಕ್ಕೆ ಅಥವಾ ಮಕ್ಕಳ ಸಹಾಯವಾಣಿ 1098ಕ್ಕೆ ಕರೆ ಮಾಡಿ. ಅಲ್ಲಿ ಅನುಮಾನವನ್ನು ಪರಿಶೀಲಿಸುವವರು ಇರುತ್ತಾರೆ.